ಲೆಕ್ಕದ ಪುಸ್ತಕ

ನನ್ನ ಮದುವೆಯಾದದ್ದು 1994ರಲ್ಲಿ. ಮಹಾರಾಣಿ ಕಾಲೇಜಿನಲ್ಲಿ ಬಿ.ಎ. ಎರಡನೆಯ ವರ್ಷ ಓದುತ್ತಿದ್ದೆ. ಹುಡುಗನಿಗೆ ಖಾಯಂ ಕೆಲಸ, ಸರಸ್ವತೀಪುರಂನಲ್ಲಿ ಸ್ವಂತ ಮನೆ, ಇನ್ನೇನು ಬೇಕು ಎಂದರು ಎಲ್ಲರೂ. ಮೊದಲ ವಾರವೇ ಅವರು ಉದ್ದನೆಯದೊಂದು ಲೆಕ್ಕದ ಪುಸ್ತಕ ತಂದುಕೊಟ್ಟು, ‘ಖರ್ಚೆಲ್ಲ ಇದರಲ್ಲಿ ಬರಿ’ ಎಂದರು. ನನಗೆ ಹೆಮ್ಮೆಯೇ ಆಯಿತು. ಮನೆಯ ಯಜಮಾನಿಕೆ ಕೈಗೆ ಬಂತೆಂದುಕೊಂಡೆ.

ರಾತ್ರಿ ಊಟವಾದ ಮೇಲೆ ಪುಸ್ತಕ ನೋಡುವರು. ಎಂಟಾಣೆ ತಾಳೆಯಾಗದಿದ್ದರೆ ಎದುರಿಗೆ ನಿಲ್ಲಿಸಿಕೊಂಡು ಮತ್ತೆ ಮತ್ತೆ ಕೂಡಿಸುವರು. ದುಡ್ಡಿನ ಲೆಕ್ಕ ಮುಗಿದರೆ ಹೊತ್ತಿನ ಲೆಕ್ಕ. ದೇವರಾಜ ಮಾರುಕಟ್ಟೆಗೆ ಹೋಗಿ ಬರಲು ಇಷ್ಟು ಹೊತ್ತೇಕೆ, ಬಸ್ಸಿನಲ್ಲಿ ಪಕ್ಕ ಯಾರು ಕೂತಿದ್ದರು. ಮೊದಲು ಬೈಗುಳ, ಆಮೇಲೆ ಏಟು. ಏಟಿನ ವಿಷಯ ಹೆಚ್ಚು ಬರೆಯಲಾರೆ. ಓದುವ ನಿಮ್ಮಲ್ಲಿ ಕೆಲವರಿಗಾದರೂ ಅದು ಬರೆಯದೆಯೇ ಗೊತ್ತಾಗುತ್ತದೆ.

ಒಂದು ಬೇಸಿಗೆಯಲ್ಲಿ ಪಕ್ಕದ ಮನೆಯ ಟೀಚರಮ್ಮ ತಮ್ಮ ಹಿತ್ತಲ ಬಳ್ಳಿಯ ಮಲ್ಲಿಗೆ ಕಟ್ಟಿ ಒಂದು ಮೊಳ ಕೊಟ್ಟರು. ಮುಡಿದುಕೊಂಡೆ. ರಾತ್ರಿ ಪುಸ್ತಕದಲ್ಲಿ ಹೂವಿನ ಲೆಕ್ಕ ಇರಲಿಲ್ಲ. ‘ಯಾರು ಕೊಟ್ಟದ್ದು?’ ಎಂದರು. ಹೇಳಿದೆ, ನಂಬಲಿಲ್ಲ. ಗೋಡೆಯಾಚೆಗೆ ಕೂಗಿದ್ದರೆ ಟೀಚರಮ್ಮ ಬಂದು ಹೇಳುತ್ತಿದ್ದರು. ಕೂಗಲಿಲ್ಲ. ಅವರಿಗೆ ಗೊತ್ತಾಗುವುದಕ್ಕಿಂತ ಏಟು ತಿನ್ನುವುದೇ ಮೇಲು ಅನ್ನಿಸಿತ್ತು. ಮಾರನೆಯ ದಿನ ಅವರು ಹೂ ಹಿಡಿದು ಬಂದಾಗ, ‘ನನಗೆ ತಲೆನೋವು ಬರುತ್ತೆ, ಬೇಡ ಟೀಚರಮ್ಮ’ ಎಂದೆ.

ಸಮತಾ ವೇದಿಕೆಯ ಹೆಂಗಸರು 1978ರಿಂದಲೂ ನಮ್ಮ ಮೈಸೂರಿನಲ್ಲೇ ಇಂಥ ಸಂಗತಿಗಳನ್ನು ಬಹಿರಂಗವಾಗಿ ಮಾತಾಡುತ್ತಿದ್ದರು. ಕಾಲೇಜಿನ ದಿನಗಳಲ್ಲಿ ಅವರ ಹೆಸರು ಕೇಳಿದ್ದೆ. ಅದೆಲ್ಲ ನಮ್ಮಂಥ ಮರ್ಯಾದಸ್ಥರ ಮನೆಗಲ್ಲ ಎಂದುಕೊಂಡಿದ್ದೆ!

2001ರಲ್ಲಿ ಮಗಳಿಗೆ ಐದು ತುಂಬಿತ್ತು. ಒಂದು ಸಂಜೆ ಅಂಗಡಿಯಲ್ಲಿ ಪೆಪ್ಪರ್‌ಮೆಂಟು ಕೊಡಿಸಿದೆ. ಅದನ್ನು ಬಾಯಿಗೆ ಹಾಕಿಕೊಳ್ಳದೆ ಮುಷ್ಟಿಯಲ್ಲೇ ಹಿಡಿದುಕೊಂಡು ಮನೆಗೆ ಬಂದವಳು, ‘ಅಮ್ಮ, ಮೊದಲು ಬರ್ಕೋ, ಅಪ್ಪ ಕೇಳ್ತಾರೆ’ ಎಂದಳು. ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಅದೇ ವಾರ ಅವಳನ್ನು ಕರೆದುಕೊಂಡು ನಂಜನಗೂಡಿಗೆ, ತೌರಿಗೆ ಹೊರಟೆ.

ಅಮ್ಮ ಅತ್ತಳು. ‘ಗಂಡಸರು ಹಾಗೇ ಕಣೇ, ಹೊಂದಿಕೊಂಡು ಹೋಗು’ ಎಂದಳು. ಅವಳ ಮೇಲೆ ನನಗೀಗ ಸಿಟ್ಟಿಲ್ಲ, ಅವಳೂ ಹಾಗೇ ಬದುಕಿದವಳು. ಇಟ್ಟುಕೊಂಡವರು ದೊಡ್ಡಮ್ಮ. ಅಗ್ರಹಾರದ ವಠಾರದಲ್ಲಿ ಅವರಿಗಿದ್ದದ್ದು ಒಂದೂವರೆ ಕೋಣೆ. ‘ಇರು, ಮೂರು ಜನ ಮಲಗೋಕೆ ಜಾಗ ಸಾಕು’ ಎಂದರು, ಬೇರೇನೂ ಕೇಳಲಿಲ್ಲ.

ಅಲ್ಲಿ ಊದುಬತ್ತಿ ಹೊಸೆಯುವುದು ಕಲಿತೆ. ಸಾವಿರ ಕಡ್ಡಿಗೆ ಇಷ್ಟು ಎಂದು ಕೂಲಿ. ಅಂಗೈಯ ಕಪ್ಪು ಸೀಗೆಪುಡಿಗೂ ಹೋಗುತ್ತಿರಲಿಲ್ಲ. ಮುಕ್ತ ವಿಶ್ವವಿದ್ಯಾನಿಲಯ 1996ರಲ್ಲೇ ನಮ್ಮ ಊರಿನಲ್ಲಿ ಶುರುವಾಗಿತ್ತು. ಅಲ್ಲಿ ಸೇರಿ ಬಿಟ್ಟಿದ್ದ ಬಿ.ಎ. ಮುಗಿಸಿದೆ. ಆಮೇಲೆ ಒಂದು ಬಟ್ಟೆ ಅಂಗಡಿಯಲ್ಲಿ ಕೆಲಸ ಸಿಕ್ಕಿತು. ಏನು ಕೆಲಸ ಅಂತೀರಿ? ಲೆಕ್ಕ ಬರೆಯುವುದು!

ಮೊದಲ ತಿಂಗಳಲ್ಲೇ ನಲವತ್ತು ರೂಪಾಯಿ ಕಡಿಮೆ ಬಂತು. ಯಜಮಾನರ ಮುಂದೆ ಪುಸ್ತಕ ಹಿಡಿದು ನಿಂತಾಗ ಕಾಲು ನಡುಗುತ್ತಿತ್ತು. ಅವರು ಕನ್ನಡಕ ಮೇಲಕ್ಕೇರಿಸಿ, ‘ಇನ್ನೊಂದು ಸಲ ಕೂಡಿ ನೋಡಿ ಅಮ್ಮ’ ಎಂದು ಗಿರಾಕಿಯ ಕಡೆ ತಿರುಗಿದರು. ಅಷ್ಟೇ. ಗೋಡೌನಿಗೆ ಹೋಗಿ ಅತ್ತೆ. ತಪ್ಪು ಲೆಕ್ಕಕ್ಕೆ ಇಷ್ಟೇ ಮಾತು ಸಾಕೆಂದು ಏಳು ವರ್ಷ ನನಗೆ ಯಾರೂ ಹೇಳಿರಲಿಲ್ಲ.

ಮನೆ ಬಿಟ್ಟ ಹೊಸದರಲ್ಲಿ ಕಂಡ ವಕೀಲರು, ‘ಗಾಯ ಇದೆಯೇ? ಡಾಕ್ಟರ ಚೀಟಿ ಇದೆಯೇ? ವರದಕ್ಷಿಣೆ ಕೇಳಿದರೇ?’ ಎಂದು ಕೇಳಿದ್ದರು. 1983ರಿಂದ 498ಎ ಕಲಮು ಇತ್ತು, ನಿಜ. ಆದರೆ ಎಂಟಾಣೆಯ ಕಥೆಯನ್ನು ಅವರಿಗೆ ಹೇಗೆ ಹೇಳುವುದೋ ತಿಳಿಯಲಿಲ್ಲ. ಕೌಟುಂಬಿಕ ಹಿಂಸೆ ತಡೆಯುವ 2005ರ ಕಾಯಿದೆ 2006ರ ಅಕ್ಟೋಬರ್ 26ರಂದು ಜಾರಿಗೆ ಬಂದಾಗ ಅದರ ವಿವರವನ್ನು ಅಂಗಡಿಯಲ್ಲೇ ಕೂತು ಪತ್ರಿಕೆಯಲ್ಲಿ ಓದಿದೆ. ಹೊಡೆತ, ಬೈಗುಳಗಳ ಸಾಲಿನಲ್ಲೇ ಆರ್ಥಿಕ ಹಿಂಸೆ ಎಂಬ ಮಾತಿತ್ತು. ಮನೆ ಗಂಡನ ಹೆಸರಿನಲ್ಲಿದ್ದರೂ ಹೆಂಡತಿಗೆ ಅಲ್ಲಿ ವಾಸಿಸುವ ಹಕ್ಕಿದೆ ಎಂದಿತ್ತು. ಅಷ್ಟು ಹೊತ್ತಿಗೆ ನಮ್ಮ ವಿಚ್ಛೇದನ ಮುಗಿದಿತ್ತು. ಆದರೂ ಆ ಹಾಳೆ ಕತ್ತರಿಸಿ ಇಟ್ಟುಕೊಂಡೆ. ಹೆಂಗಸರಿಗೆ, ಆದಾಯ ಎಷ್ಟೇ ಇರಲಿ, ಕಾನೂನು ಸೇವಾ ಪ್ರಾಧಿಕಾರ ಫೀಜಿಲ್ಲದೆ ವಕೀಲರನ್ನು ಕೊಡುತ್ತದೆಂಬುದೂ ನನಗೆ ತಿಳಿದದ್ದು ಆಮೇಲೆಯೇ. ನಿಮಗೆ ತಿಳಿದವರಿಗೆ ಬೇಕಾದರೆ ಹೇಳಿ.

ಇಷ್ಟಾದರೂ ಮನೆಯ ಲೆಕ್ಕ ಬರೆಯುವುದನ್ನು ನಾನು ಬಿಟ್ಟಿರಲಿಲ್ಲ. ಕೇಳುವವರಿಲ್ಲ, ಆದರೂ ರಾತ್ರಿ ಎಂಟಾಣೆಗಾಗಿ ತಲೆ ಕೆಡಿಸಿಕೊಳ್ಳುತ್ತಿದ್ದೆ. ದೊಡ್ಡಮ್ಮ ನೋಡಿ ನೋಡಿ, ‘ಯಾರಿಗೆ ಒಪ್ಪಿಸ್ತೀಯೇ ಅದನ್ನ?’ ಎಂದು ದೀಪ ಆರಿಸಿಬಿಡುತ್ತಿದ್ದರು.

ದೊಡ್ಡಮ್ಮ ಈಗಿಲ್ಲ. ಮಗಳು ಕೆಲಸಕ್ಕೆ ಸೇರಿದ ದಿನ ಇಬ್ಬರೂ ದೇವರಾಜ ಮಾರುಕಟ್ಟೆಗೆ ಹೋಗಿ ಮಲ್ಲಿಗೆ ಕೊಂಡೆವು, ಅವಳಿಗೊಂದು ಮೊಳ, ನನಗೊಂದು ಮೊಳ. ಮನೆಗೆ ಬಂದ ಮೇಲೆ, ‘ಮೊಳಕ್ಕೆ ಎಷ್ಟು ಕೊಟ್ಟೆ ಅಮ್ಮ?’ ಎಂದಳು. ಯೋಚಿಸಿದೆ. ನೆನಪಾಗಲಿಲ್ಲ.