ಹೊರಡುವ ಮೊದಲೇ ಸುರಿದ ಜೊಲ್ಲು

ಆಗುಂಬೆ ಘಾಟಿಯ 14 ತಿರುವುಗಳನ್ನು ನಿಂಬೆಹಣ್ಣು ಮೂಸುತ್ತಾ ದಾಟಿದವರು ನೀವಾದರೆ, ನಮ್ಮ ಕರಿಯನ ಕಷ್ಟ ನಿಮಗೆ ಬೇಗ ಅರ್ಥವಾಗುತ್ತೆ. ಕರಿಯ ಮಸ್ಕತ್ತಿನ 'ವಾದಿ ನಾಯಿ'. ವಾದಿ ಅಂದ್ರೆ ಮಳೆ ಬಂದಾಗಷ್ಟೇ ಹರಿಯುವ ಹಳ್ಳ. ಇಲ್ಲಿನ ಬೀದಿನಾಯಿಗಳಿಗೆ ಅದೇ ಹೆಸರು.

ಬೇಸಿಗೆಯಲ್ಲಿ ಮಸ್ಕತ್ 40 ಡಿಗ್ರಿ ದಾಟಿದಾಗ ನಾವು ಓಡೋದು ಜಬಲ್ ಅಖ್ದರ್‌ಗೆ. ಸುಮಾರು 2000 ಮೀಟರ್ ಎತ್ತರ, ತಂಪು, ದಾಳಿಂಬೆ ತೋಟಗಳು. ಆದರೆ ಬಿರ್ಕತ್ ಅಲ್ ಮೌಝ್ ಚೆಕ್‌ಪೋಸ್ಟ್ ದಾಟಿದರೆ ಬರೀ ಏರು, ತಿರುವು. ಫೋರ್ ವೀಲ್ ಡ್ರೈವ್ ಗಾಡಿಗಷ್ಟೇ ಪ್ರವೇಶ. ಎರಡು ಸಲ ಹೋದೆವು, ಎರಡು ಸಲವೂ ಕರಿಯ ದಾರಿಯುದ್ದಕ್ಕೂ ವಾಂತಿ ಮಾಡಿದ. "ಪಾಪ ಕಣೇ, ಯಾರಿಗಾದ್ರೂ ಕೊಟ್ಟುಬಿಡೋಣ" ಅಂದ ಗಂಡ.

ಹೊರದೇಶದಲ್ಲಿ ಮಾಸ್ಟರ್ಸ್ ಓದಿ ಕಲಿತ ಡೇಟಾ ವಿದ್ಯೆ ಮನೆಗೂ ಉಪಯೋಗಕ್ಕೆ ಬರಲಿ ಅಂತ ಒಂದು ಶೀಟ್ ತೆರೆದೆ. ಊಟ ಎಷ್ಟೊತ್ತಿಗೆ, ಕೂತದ್ದೆಲ್ಲಿ, ತುಟಿ ನೆಕ್ಕಿದ್ದು, ಆಕಳಿಸಿದ್ದು, ಜೊಲ್ಲು ಸುರಿದದ್ದು ಯಾವಾಗ. ಊರೊಳಗಿನ ಓಡಾಟವೂ ಸೇರಿ ಹನ್ನೊಂದು ಸಾಲು. ಆಫೀಸಲ್ಲಿ ಇಷ್ಟು ತೋರಿಸಿದರೆ ನಗ್ತಾರೆ. ಆದರೆ ಏಳು ಸಾಲುಗಳಲ್ಲಿ ಜೊಲ್ಲು ಶುರುವಾದದ್ದು ಎಂಜಿನ್ ಸ್ಟಾರ್ಟ್ ಆಗೋ ಮೊದಲು!

ನಿಂತ ಕಾರಿನಲ್ಲಿ ಒಳಕಿವಿಯ ಸಮತೋಲನ ಯಾಕೆ ಕೆಡುತ್ತೆ? ಅದು ಭಯ. ಕಾರು ಅಂದ್ರೆ ಅವನಿಗೆ ಒಂದೋ ಸೂಜಿ, ಇಲ್ಲಾ ಆ ಬೆಟ್ಟ.

ಹಾಗಾಗಿ ಮೊದಲು ಪ್ರಯಾಣವನ್ನೇ ನಿಲ್ಲಿಸಿದೆವು. ಸಂಜೆ ತಂಪಾದ ಮೇಲೆ ಬಾಗಿಲು ತೆರೆದ ಕಾರಲ್ಲಿ ಕೂತು, ಚೂರು ಕೋಳಿ ತಿಂದು, ಇಳಿಯೋದು. ಕೆಲವು ದಿನದ ನಂತರ ಎಂಜಿನ್ ಸದ್ದು. ಆಮೇಲೆ ಐದು ನಿಮಿಷದ ದಾರಿ, ಕೊನೆಗೆ ಆಡಲು ಬಯಲು. ಆರು ವಾರ ಹಿಡೀತು.

ಬೆಟ್ಟದ ದಿನ ಹೊರಡುವ ಮುಂಚಿನ ಕೆಲವು ಗಂಟೆ ಊಟವಿಲ್ಲ, ನೀರು ಉಂಟು. ವೈದ್ಯರು ಬರೆದುಕೊಟ್ಟ ಮಾರೋಪಿಟಂಟ್ ಮಾತ್ರೆ ಎರಡು ಗಂಟೆ ಮೊದಲು, ಒಂದು ತುಣುಕು ತಿಂಡಿಯ ಜೊತೆ. ಅದು ವಾಂತಿ ತಡೆಯುತ್ತೆ, ಭಯವನ್ನಲ್ಲ. ನಮ್ಮ ಮಾತ್ರೆಯನ್ನು ನೀವೇ ಅಳತೆ ಹಾಕಿ ನಾಯಿಗೆ ಕೊಡಬೇಡಿ. ಮುಂದಕ್ಕೆ ಮುಖಮಾಡಿ ಕೂರುವಂತೆ ಬೆಲ್ಟ್ ಹಾಕಿ, ಕಿಟಕಿ ಎರಡು ಬೆರಳು ಇಳಿಸಿ, ನಡುನಡುವೆ ನಿಲ್ಲಿಸಿ. ನಿಮ್ಮದು ಮರಿಯಾದರೆ ಇನ್ನಷ್ಟು ತಾಳ್ಮೆ ಇರಲಿ. ಒಳಕಿವಿ ಬಲಿತ ಮೇಲೆ ಹಲವು ಮರಿಗಳು ತಾವೇ ಸರಿಹೋಗುತ್ತವೆ.

ಮೂರನೇ ಸಲ ಕರಿಯ ಬೆಟ್ಟ ಹತ್ತಿದ. ಜೊಲ್ಲು ಸ್ವಲ್ಪ ಬಂತು, ವಾಂತಿ ಇಲ್ಲ. ಕೊಟ್ಟುಬಿಡೋ ಮಾತು ಮತ್ತೆ ಬರಲಿಲ್ಲ.

ಆ ರಾತ್ರಿ ನೆನಪಾಯ್ತು: ಹೆಬ್ರಿಯ ಅಜ್ಜಿ ಮನೆಗೆ ಆಗುಂಬೆ ಇಳಿಯುವಾಗ ನನಗೆ ವಾಂತಿ ಬರ್ತಿರಲಿಲ್ಲ. ರಜೆ ಮುಗಿಸಿ ಶಿವಮೊಗ್ಗದ ಹಾಸ್ಟೆಲ್‌ಗೆ ಹತ್ತುವಾಗ ಮಾತ್ರ ಬರ್ತಿತ್ತು. ಅಮ್ಮ ಪಾಪ, ಪ್ರತಿ ಸಲ ನಿಂಬೆಹಣ್ಣು ಕೊಡ್ತಿದ್ದಳು.