ನಾಲಿಗೆಯ ಸೊಕ್ಕು

ನಮ್ಮ ಧಾರವಾಡದ ಕಡೆ ತಾಟಿನಲ್ಲಿ ಏನಾದರೂ ಬಿಟ್ಟರೆ ಹಿರಿಯರು ಕಾರಣ ಕೇಳೋದಿಲ್ಲ. ‘ಸೊಕ್ಕು’ ಅಂದುಬಿಡ್ತಾರೆ. ಮನೆಯಲ್ಲಿ ಮಾತು ನಿಲ್ಲೋಕೆ ಅದೊಂದು ಪದ ಸಾಕು.

ಹೆಂಡತಿ ಉಡುಪಿಯವಳು. ಮದುವೆಯ ಹೊಸದರಲ್ಲಿ ಅವ್ವ ಬೆಂಗಳೂರಿಗೆ ಬಂದಾಗ ತೆಂಗಿನೆಣ್ಣೆ ಒಗ್ಗರಣೆಯ ಪಲ್ಯ ಬಡಿಸಿದಳು. ಅವ್ವ ಮೂಸಿ ನೋಡಿ, ‘ಇದು ತಲಿಗೆ ಹಚ್ಚೋ ಎಣ್ಣಿ ಅಲ್ಲೇನ?’ ಅಂದಳು. ನಾಲ್ಕು ದಿನ ಅಡುಗೆಮನೆಯಲ್ಲಿ ಪಾತ್ರೆಗಳಷ್ಟೇ ಮಾತಾಡಿದವು. ಹೆಂಡತಿಗೆ ಅದು ಅವಮಾನ. ಅವ್ವ ಹೇಳಿದ್ದು ಮಾತ್ರ ನಿಜ. ನಾವು ರುಚಿ ಅನ್ನೋದರಲ್ಲಿ ದೊಡ್ಡ ಪಾಲು ವಾಸನೆ. ಅಗಿಯುವಾಗ ಅದು ಗಂಟಲ ಹಿಂದಿನಿಂದ ಮೂಗಿಗೆ ಏರುತ್ತೆ, ಹಳೇ ನೆನಪನ್ನೂ ಎಳೆದುಕೊಂಡು ಬರುತ್ತೆ. ಅವ್ವನಿಗೆ ಬಂದಿದ್ದು ಜಡೆಯ ನೆನಪು. (ನಮ್ಮ ಗುರೆಳ್ಳು ಚಟ್ನಿಪುಡಿಗೆ ಹೆಂಡತಿ ‘ಸುಟ್ಟಿದೆಯಾ?’ ಅಂತ ಕೇಳಿದ್ದಳು. ಅಲ್ಲಿಗೆ ಲೆಕ್ಕ ಸರಿ.)

ಈ ರೂಢಿ ಹುಟ್ಟೋದಕ್ಕೂ ಮುಂಚೆ ಶುರುವಾಗುತ್ತಂತೆ. ಬಸುರಿಯರು ಕ್ಯಾರೆಟ್ ರಸ ಕುಡಿದಿದ್ದರೆ, ಮುಂದೆ ಅವರ ಕೂಸುಗಳು ಕ್ಯಾರೆಟ್ ಹಾಕಿದ ಗಂಜಿಗೆ ಕಡಿಮೆ ಮುಖ ಸಿಂಡರಿಸಿದ್ದು 2001ರ ಒಂದು ಅಮೆರಿಕನ್ ಅಧ್ಯಯನದಲ್ಲಿ ಕಂಡಿತ್ತು.

ಆದರೆ ನನ್ನ ಮಗಳು? ನಮ್ಮದೇ ಮನೆ, ನಮ್ಮದೇ ತಾಟು. ಎಲೆಕೋಸಿನ ಪಲ್ಯ ಬಾಯಿಗಿಟ್ಟರೆ ‘ಕಹಿ’ ಅಂತ ಕಣ್ಣಲ್ಲಿ ನೀರು. ನನಗೆ ಅದರಲ್ಲಿ ಸಿಹಿಯೇ ಕಾಣೋದು.

1931ರಲ್ಲಿ ಡುಪಾಂಟ್ ಪ್ರಯೋಗಾಲಯದಲ್ಲಿ ಆರ್ಥರ್ ಫಾಕ್ಸ್ ಅನ್ನೋ ರಸಾಯನಶಾಸ್ತ್ರಜ್ಞ ಪಿಟಿಸಿ ಅನ್ನುವ ಪುಡಿಯನ್ನು ಸುರಿಯುವಾಗ ಅದರ ಧೂಳು ಗಾಳಿಗೆ ಹಾರಿತು. ಸಹೋದ್ಯೋಗಿ ಕಹಿ ಅಂದ. ಫಾಕ್ಸ್‌ಗೆ ಏನೂ ಇಲ್ಲ. ಇಬ್ಬರೂ ನೆಕ್ಕಿ ನೋಡಿದರೂ ಅದೇ ಕಥೆ. ಈ ವ್ಯತ್ಯಾಸದ ಹಿಂದಿನ ಮುಖ್ಯ ಜೀನ್ 2003ರಲ್ಲಿ ಪತ್ತೆಯಾಯ್ತು. ಟಿಎಎಸ್2ಆರ್38 ಅಂತ ಅದರ ಹೆಸರು. ಅಪ್ಪನಿಂದ ಒಂದು, ಅಮ್ಮನಿಂದ ಒಂದು ಪ್ರತಿ ಬರುತ್ತೆ. ಎಲೆಕೋಸು, ಸಾಸಿವೆ ಜಾತಿಯ ತರಕಾರಿಗಳಲ್ಲೂ ಇದೇ ಜೀನ್ ಹಿಡಿಯುವಂಥ ಕಹಿ ಅಂಶಗಳಿವೆ. ಎಲ್ಲವೂ ಇದೊಂದರ ಕೈಯಲ್ಲಿಲ್ಲ ಬಿಡಿ, ಕಹಿ ಗುರುತಿಸೋ ಗ್ರಾಹಕಗಳೇ ನಮ್ಮಲ್ಲಿ ಸುಮಾರು 25 ಬಗೆ. ಮಗಳ ನಾಲಿಗೆಯಲ್ಲಿ ಯಾವುದು ಎಚ್ಚರವಾಗಿದೆಯೋ, ನಾನೇನೂ ಪರೀಕ್ಷೆ ಮಾಡಿಸಿಲ್ಲ. ನನ್ನ ಬಾಯಲ್ಲಿ ಸಿಹಿಯಾದದ್ದು ಅವಳ ಬಾಯಲ್ಲೂ ಸಿಹಿ ಇರಲೇಬೇಕು ಅಂತ ಹಟ ಹಿಡಿಯೋಕೆ ನನ್ನ ಹತ್ತಿರ ಆಧಾರ ಇಲ್ಲ, ಅಷ್ಟೇ.

ಎಲೆಕೋಸಿನ ದಿನ ಅವಳಿಗೆ ಬೀನ್ಸ್ ಪಲ್ಯ. ಇಷ್ಟೆಲ್ಲಾ ಅವ್ವನಿಗೆ ಫೋನಿನಲ್ಲಿ ವಿವರಿಸಿದೆ. ಸಮಾಧಾನವಾಗಿ ಕೇಳಿ, ‘ಹಂಗಾದ್ರ ಸೊಕ್ಕು ಯಾರ ಕಡಿಂದ ಬಂತು, ನಿನ್ನ ಕಡಿಂದೋ ಆಕಿ ಕಡಿಂದೋ?’ ಅಂದಳು.