ಕಿರುಬೆರಳು ಮಾತು ಕೇಳದಾದಾಗ

ಲಕ್ಷ್ಮಣರಾವ್ ಕಿರ್ಲೋಸ್ಕರ್ ಬೆಳಗಾವಿಯಲ್ಲಿ ಸೈಕಲ್ ವ್ಯಾಪಾರಕ್ಕೆ ಕೈ ಹಾಕಿದ್ದು 1888ರಲ್ಲಿ. ಸೈಕಲ್ ಹಿಂದಾಗಿ ಮೇವು ಕತ್ತರಿಸುವ ಯಂತ್ರ ಬಂತು, ಕಬ್ಬಿಣದ ನೇಗಿಲು ಬಂತು. ಕಾರ್ಖಾನೆಯ ಜಾಗ ಪುರಸಭೆಗೆ ಬೇಕಾಗಿ ಅವರು ಊರು ಬಿಡಬೇಕಾಯಿತು. ಔಂಧ್ ಸಂಸ್ಥಾನದ ರಾಜರು ಕುಂಡಲ್ ಹತ್ತಿರ ಭೂಮಿ ಕೊಟ್ಟರು. 1910ರಲ್ಲಿ ಅಲ್ಲಿ ಎದ್ದ ಊರೇ ಕಿರ್ಲೋಸ್ಕರವಾಡಿ, ಈಗಿನ ಸಾಂಗಲಿ ಜಿಲ್ಲೆಯಲ್ಲಿದೆ. ಸೈಕಲ್ಲಿನಿಂದ ಶುರುವಾದ ಆ ಕಥೆಯ ದಾರಿಯನ್ನು ಸೈಕಲ್ ಮೇಲೆಯೇ ತುಳಿಯಬೇಕು ಎಂಬ ಆಸೆ ನನಗೆ ಬಹಳ ಹಿಂದಿನದು. ಸಂಕೇಶ್ವರ, ಚಿಕ್ಕೋಡಿ, ಅಂಕಲಿ, ಕಾಗವಾಡ, ಮಿರಜ, ಸಾಂಗಲಿ, ಭಿಲವಡಿ, ಪಲೂಸ. ಎಲ್ಲ ಸೇರಿ 150 ಕಿಲೋಮೀಟರಿಗೂ ಮೇಲೆ. ದೂರ ದೊಡ್ಡದಲ್ಲ. ಅದಕ್ಕಿಂತ ದೂರ ತುಳಿದವನು ನಾನು.

ಹೊರಟದ್ದು ಫೆಬ್ರವರಿಯಲ್ಲಿ. ಬಿಸಿಲು ಇನ್ನೂ ಏರಿರಲಿಲ್ಲ, ಆದರೆ ಕಬ್ಬಿನ ಹಂಗಾಮು ಜೋರಾಗಿತ್ತು. ಚಿಕ್ಕೋಡಿಯಲ್ಲಿ ಸೋದರತ್ತೆಯ ಮನೆಯಲ್ಲಿ ರಾತ್ರಿ ಕಳೆದು ನಸುಕಿನಲ್ಲೇ ಬಿಟ್ಟೆ. ಅಂಕಲಿ ದಾಟಿ ಕೃಷ್ಣೆಯ ಸೇತುವೆ ಇಳಿದದ್ದೇ ತಡ, ಟ್ರ್ಯಾಕ್ಟರುಗಳ ರಾಜ್ಯ. ಒಂದು ಎಂಜಿನ್ನಿಗೆ ಎರಡು ಟ್ರೇಲರ್, ಎರಡರಲ್ಲೂ ಅಂಚು ಮೀರಿ ಚಾಚಿದ ಕಬ್ಬು, ಮುಂದೆ ಎದೆ ಅದುರುವಂತೆ ಹಾಡು. ಹಿಂದಿನಿಂದ ಬರುವವನಿಗೆ ಸೈಕಲ್ ಕಂಡರೂ ಅವನು ಏನು ಮಾಡಬೇಕು? ಅಷ್ಟು ಭಾರ ಹೊತ್ತವನು ಬ್ರೇಕ್ ಹಾಕಿದರೆ ಟ್ರೇಲರ್ ನಿಲ್ಲುವುದಿಲ್ಲ. ಪಕ್ಕಕ್ಕೆ ಇಳಿಯಬೇಕಾದವನು ನಾನೇ. ಡಾಂಬರಿನ ಅಂಚಿನಿಂದ ಕೆಳಗಿನ ಎರೆಮಣ್ಣಿಗೆ ಗೇಣುದ್ದದ ಇಳಿತ. ಮುಂದಿನ ಗಾಲಿ ಧಡ್ ಎಂದು ಕೆಳಗೆ ಬಿದ್ದಾಗಲೆಲ್ಲ ಹೊಡೆತ ನೇರ ಅಂಗೈಗೆ. ಮತ್ತೆ ಮೇಲೆ ಹತ್ತು, ಮತ್ತೆ ಇಳಿ. ಕೆಲವು ಕಡೆ ರಸ್ತೆ ಅಗಲ ಮಾಡಲು ಜಲ್ಲಿ ಹರಡಿ ಹಾಗೇ ಬಿಟ್ಟಿದ್ದರು. ಅಲ್ಲಿ ಹ್ಯಾಂಡಲ್ ಗಟ್ಟಿಯಾಗಿ ಹಿಡಿಯದಿದ್ದರೆ ಸೈಕಲ್ ತಾನೇ ದಿಕ್ಕು ಬದಲಿಸುತ್ತದೆ.

ಎರಡೂ ಬದಿ ದ್ರಾಕ್ಷಿ ಒಣಗಿಸುವ ಶೆಡ್ಡುಗಳು, ಹಸಿರು ಬಲೆಯ ಅಂತಸ್ತಿನ ಮೇಲೆ ಅಂತಸ್ತು, ಗಾಳಿಯಲ್ಲಿ ಗಂಧಕದ ವಾಸನೆ. ನೋಡುವ ಉಮೇದು ನನಗಿರಲಿಲ್ಲ. ಎಡಗೈಯ ಕಿರುಬೆರಳು ಜೋಮು ಹಿಡಿದಿತ್ತು. ಸೈಕಲ್ ತುಳಿಯುವವರಿಗೆ ಇದು ಹೊಸದಲ್ಲ. ಕೈ ಕೊಡವಿದರೆ ಹೋಗುತ್ತದೆ. ಕೊಡವಿದೆ. ಹೋಗಲಿಲ್ಲ. ಕಾಗವಾಡದ ಚಹಾದಂಗಡಿಯಲ್ಲಿ ಗ್ಲಾಸು ಹಿಡಿದಾಗ ಉಂಗುರಬೆರಳಿನ ಹೊರಗಿನ ಅರ್ಧ ಮಾತ್ರ ಬಿಸಿ ತಾಕಲಿಲ್ಲ. ಒಂದೇ ಬೆರಳು, ಅರ್ಧಕ್ಕೆ ಜೀವವಿದೆ, ಅರ್ಧಕ್ಕೆ ಇಲ್ಲ. ಅಂಗಡಿಯವನು, “ಯಾಕ್ರಿ ಸರ, ಚಹಾ ಚೆಲ್ಲಾಕತ್ತೀರಿ?” ಅಂದ. ನೋಡಿದರೆ ಹೌದು, ಪ್ಯಾಂಟಿನ ಮೇಲೆ ಬಿದ್ದಿತ್ತು.

ಮ್ಹೈಸಾಳ ದಾಟಿ ಮಿರಜದ ಪೇಟೆಗೆ ಬರುವಷ್ಟರಲ್ಲಿ ಎಡಗೈ ಬ್ರೇಕ್ ಒತ್ತುವುದನ್ನು ಬಿಟ್ಟುಬಿಟ್ಟಿತ್ತು. ನೋವಿಲ್ಲ, ಅದೇ ವಿಚಿತ್ರ. ಒತ್ತು ಎಂದು ಮನಸ್ಸು ಹೇಳುತ್ತದೆ, ಬೆರಳುಗಳು ಅರ್ಧ ಬಾಗಿ ಸುಮ್ಮನಾಗುತ್ತವೆ. ಜನಜಂಗುಳಿಯ ನಡುವೆ ಕಾಲಿನ ಚಪ್ಪಲಿಯನ್ನು ನೆಲಕ್ಕೆ ಉಜ್ಜುತ್ತ ಸೈಕಲ್ ನಿಲ್ಲಿಸಿದೆ. ಬೆವರಿಗೆ ಅಂಗಿ ಬದಲಿಸೋಣವೆಂದರೆ ಗುಂಡಿ ಬಿಚ್ಚಲಾಗಲಿಲ್ಲ. ಆಗ ಹೆದರಿಕೆಯಾಯಿತು.

ನಮ್ಮ ಕಡೆ ಬೇನೆ ಕೈಮೀರಿದರೆ ಹಿರಿಯರು ಹೇಳುವುದು ಒಂದೇ ಮಾತು, “ಮಿರಜಿಗೆ ಒಯ್ಯಿರಿ”. 1894ರಲ್ಲಿ ವಿಲಿಯಂ ವಾನ್ಲೆಸ್ ಮಿಷನ್ ಆಸ್ಪತ್ರೆ ಕಟ್ಟಿದ ಮೇಲೆ ಅಥಣಿ, ಜಮಖಂಡಿ, ವಿಜಯಪುರದ ಜನಕ್ಕೆ ಆ ಊರೇ ಔಷಧಿಯಾಯಿತು. ಇಂದು ಗಲ್ಲಿಗೊಂದು ದವಾಖಾನೆ. ನಾನು ಹೋದಲ್ಲಿ ಡಾಕ್ಟರು ಕನ್ನಡದವರು. ಒಂದು ಚೀಟಿ ತೆಗೆದು ನನ್ನ ಹೆಬ್ಬೆರಳು, ತೋರುಬೆರಳಿನ ನಡುವೆ ಇಟ್ಟು, “ಗಟ್ಟಿ ಹಿಡೀರಿ, ಬಿಡಬ್ಯಾಡ್ರಿ” ಎಂದು ಎಳೆದರು. ಬಲಗೈಯಿಂದ ಚೀಟಿ ಬರಲಿಲ್ಲ. ಎಡಗೈಯಿಂದ ಬೆಣ್ಣೆಯಲ್ಲಿನ ಕೂದಲಿನಂತೆ ಬಂತು. ಹಿಡಿಯಲು ಹೋಗಿ ಹೆಬ್ಬೆರಳಿನ ತುದಿಗೆಣ್ಣು ತಾನಾಗಿ ಬಾಗಿತ್ತು. ಅದನ್ನೇ ತೋರಿಸಿ ಅವರು ವಿವರಿಸಿದರು: ಮಣಿಕಟ್ಟಿನ ಕಿರುಬೆರಳ ಬದಿಯಲ್ಲಿ ಒಂದು ಪುಟ್ಟ ಎಲುಬಿದೆ, ಅದರ ಪಕ್ಕದ ಕಿರಿದಾದ ಸಂದಿಯಲ್ಲಿ ಅಲ್ನರ್ ನರ ಅಂಗೈಗೆ ಇಳಿಯುತ್ತದೆ. ಮೈಭಾರವನ್ನೆಲ್ಲ ಹ್ಯಾಂಡಲ್ ಮೇಲೆ ಹಾಕಿ ತಾಸುಗಟ್ಟಲೆ ಒತ್ತಿದರೆ, ಮೇಲೆ ಹೊಡೆತ ಬಿದ್ದರೆ, ನರ ನುಜ್ಜಾಗುತ್ತದೆ. ತುಂಡಾಗಿಲ್ಲ, ಮರಳುತ್ತದೆ. ಎಷ್ಟು ದಿನಕ್ಕೆ? “ವಾರ ಆಗಬಹುದು, ತಿಂಗಳುಗಟ್ಟಲೇನೂ ಹಿಡೀಬಹುದು. ಹ್ಯಾಂಡಲ್ ಮಾತ್ರ ಮುಟ್ಟಬ್ಯಾಡ್ರಿ.”

ಇನ್ನು ಮುಂದಿನ ದಾರಿ ರೈಲಿನಲ್ಲೇ, ಅದಕ್ಕೆ ಇನ್ನೂ ಹೊತ್ತಿತ್ತು. ಸೈಕಲ್ಲನ್ನು ಒಂದು ರಿಪೇರಿ ಅಂಗಡಿಯಲ್ಲಿ ಬಿಟ್ಟು ಸಿತಾರ್ ಮಾಡುವವರ ಗಲ್ಲಿಗೆ ನಡೆದೆ. ಮಿರಜಕ್ಕೆ ಬಂದವನು ಅದನ್ನು ನೋಡದೆ ಹೋದರೆ ಹೇಗೆ? ಕಿರಾನಾ ಘರಾಣೆಯ ಅಬ್ದುಲ್ ಕರೀಂ ಖಾನರು ನೆಲೆಸಿದ್ದ ಊರು. ನಮ್ಮ ಕುಂದಗೋಳದ ಸವಾಯಿ ಗಂಧರ್ವರ ಗುರು ಅವರು. 1937ರಲ್ಲಿ ತೀರಿಕೊಂಡರು, ಮಿರಜದ ದರ್ಗಾದ ಆವರಣದಲ್ಲೇ ಅವರ ಸಮಾಧಿಯಿದೆ. ಇಲ್ಲಿಯ ಸಿತಾರ್, ತಂಬೂರಿಗಳಿಗೆ 2024ರಲ್ಲಿ ಭೌಗೋಳಿಕ ಸೂಚಕದ ಮಾನ್ಯತೆ ಸಿಕ್ಕಿತು. ಅಂಗಡಿಯೊಳಗೆ ಒಣಗಿದ ಸೋರೆಬುರುಡೆಗಳು ಗೋಡೆಗೆ ಸಾಲಾಗಿ ತೂಗುತ್ತಿದ್ದವು. ವಯಸ್ಸಾದ ಕಾರೀಗರರೊಬ್ಬರು ತಂಬೂರಿಯ ಜವಾರಿ ಕೂಡಿಸುತ್ತಿದ್ದರು: ತಂತಿ ಕೂರುವ ಕುದುರೆಯನ್ನು ಕೂದಲೆಳೆಯಷ್ಟು ಉಜ್ಜುವುದು, ಮೀಟಿ ಕೇಳುವುದು, ಮತ್ತೆ ಉಜ್ಜುವುದು. ಆಮೇಲೆ ತಂತಿಯ ಕೆಳಗೆ ಒಂದು ಹತ್ತಿಯ ನೂಲು ತೂರಿಸಿ ಅತ್ತಿತ್ತ ಸರಿಸುತ್ತಾರೆ. ದನಿ ಅರಳುವ ಜಾಗ ಸಿಕ್ಕಾಗ ಬಿಡುತ್ತಾರೆ. ಆ ನೂಲಿಗೆ ಜೀವಾ ಎನ್ನುತ್ತಾರೆ.

ನಾನು ನೋಡುತ್ತ ನಿಂತದ್ದಕ್ಕೆ ಅವರು ನಕ್ಕು, “ನೀವ ಹಾಕ್ರಿ ಒಂದು” ಎಂದು ನೂಲು ಕೊಟ್ಟರು. ನಾನು ಎಡಚ. ಅಭ್ಯಾಸಬಲದಿಂದ ಎಡಗೈ ಚಾಚಿದೆ. ನೂಲು ಬೆರಳುಗಳ ನಡುವೆ ನಿಲ್ಲಲಿಲ್ಲ, ಕೆಳಗೆ ಬಿತ್ತು. ಎತ್ತಿಕೊಂಡೆ, ಮತ್ತೆ ಬಿತ್ತು. ಅವರು ನನ್ನ ಅಂಗೈಯನ್ನು ತಿರುಗಿಸಿ ನೋಡಿ, “ಸೈಕಲ್ ಏನ್ರಿ?” ಎಂದರು. ಅಂಗೈ ಮೇಲಿನ ಹ್ಯಾಂಡಲ್ ಗುರುತು ಇನ್ನೂ ಕೆಂಪಗಿತ್ತು. ಮಾತು ಅಲ್ಲಿಗೇ ಬಿಟ್ಟು ಅವರು ತಾವೇ ನೂಲು ಹಾಕಿಕೊಂಡರು. ಅವರ ಮರ್ಯಾದೆ ದೊಡ್ಡದು.

ಕಿರ್ಲೋಸ್ಕರವಾಡಿಯನ್ನು ಪ್ಯಾಸೆಂಜರ್ ರೈಲಿನಲ್ಲಿ ನೋಡಿಬಂದೆ. ಸಾಂಗಲಿ, ನಾಂದ್ರೆ, ಭಿಲವಡಿ ಎಲ್ಲ ಕಿಟಕಿಯಲ್ಲೇ ಹೋದವು. ಛಲ ಬಿಡದೆ ಒಂದೇ ಕೈಯಲ್ಲಿ ಗುರಿ ಮುಟ್ಟಿದೆ ಎಂದು ಹೇಳಿಕೊಳ್ಳುವವರ ಮೇಲೆ ನನಗೆ ನಂಬಿಕೆ ಕಡಿಮೆ; ಒಂದೇ ಬ್ರೇಕಿನಲ್ಲಿ ಕಬ್ಬಿನ ಟ್ರ್ಯಾಕ್ಟರಿನ ಎದುರು ಹೋಗುವುದು ಛಲವಲ್ಲ.

ಆಮೇಲಿನ ಕಾಲವೇ ನಿಜವಾದ ಫಜೀತಿ. ಚಪಾತಿ ಹರಿಯಲು ಬಲಗೈ ಕಲಿತುಕೊಂಡಿತು. ಕೀಲಿ ತಿರುಗಿಸಲು ಹೆಂಡತಿಯನ್ನು ಕರೆಯಬೇಕಿತ್ತು. ಚೆಕ್ಕಿನ ಮೇಲಿನ ನನ್ನ ಸಹಿ ಹೊಂದಿಕೆಯಾಗಲಿಲ್ಲವೆಂದು ಬ್ಯಾಂಕಿನವರು ವಾಪಸು ಕಳಿಸಿದರು. ಹೋಗಿ ಎದುರಿಗೇ ಸಹಿ ಮಾಡಿದೆ, ಅದೂ ಬೇರೆ ಥರ ಬಂತು. ದಿನಾ ಸಂಜೆ ರಬ್ಬರ್ ಚೆಂಡು ಹಿಸುಕುವುದು, ಬೆರಳುಗಳನ್ನು ಅಗಲಿಸಿ ಕೂಡಿಸುವುದು, ಪೇಪರಿನ ತುಂಡು ಹಿಡಿದು ಮೊಮ್ಮಗಳ ಕೈಯಲ್ಲಿ ಎಳೆಸುವುದು. ಮೊದಮೊದಲು ಪ್ರತಿಸಲವೂ ಅವಳೇ ಗೆಲ್ಲುತ್ತಿದ್ದಳು. ಮಳೆಗಾಲ ಬರುವ ಹೊತ್ತಿಗೆ ಅಳುವುದಕ್ಕೆ ಶುರುಮಾಡಿದಳು.

ಸೈಕಲ್ ಮಿರಜದಿಂದ ತರಕಾರಿ ಗಾಡಿಯಲ್ಲಿ ಬಂತು. ಹ್ಯಾಂಡಲ್ ಎತ್ತರಿಸಿ, ಸೀಟು ತುಸು ಹಿಂದೆ ಸರಿಸಿ, ದಪ್ಪ ಟೇಪು ಎರಡು ಸುತ್ತು ಸುತ್ತಿಸಿದ್ದೇನೆ. ಮಿರಜದಿಂದ ಮುಂದಿನ ದಾರಿ ಬಾಕಿ ಉಳಿದಿದೆ. ಈ ಸಲ ದಸರೆಯ ಆಸುಪಾಸಿನಲ್ಲಿ, ಕಾರ್ಖಾನೆಗಳು ಕಬ್ಬು ನುರಿಸುವ ಮುಂಚೆ ಹೊರಡುವುದು.